ಶಾಂತಾ ಹುಬಳೀಕರ: ಆರಂಭಕಾಲದ ವಾಕ್ಚಿತ್ರ ನಟಿಯೊಬ್ಬರ ಜೀವನ ಮತ್ತು ವೃತ್ತಿ

ಭಾರತೀಯ ವಾಕ್ಚಿತ್ರದ ಮೊದಲ ದಶಕದ ಚರಿತ್ರೆಯಲ್ಲಿ ಉತ್ತರ ಕರ್ನಾಟಕದ ಹಲವು ಕಲಾವಿದೆಯರ ಹೆಸರುಗಳು ಕಾಣಸಿಗುತ್ತವೆ. ಬೀಳಗಿಯ ಅಮೀರ್‌ಬಾಯಿ ಕರ್ನಾಟಕಿ ಹಾಗೂ ಅವರ ಸಹೋದರಿ ಗೋಹರ್‌ಬಾಯಿ ಕರ್ನಾಟಕಿ, ಹುಬ್ಬಳ್ಳಿ ಸಮೀಪದ ಶಾಂತಾ ಹುಬಳೀಕರ ಇವರಲ್ಲಿ ಪ್ರಮುಖರು. ಇವರ ಮನೆಮಾತು, ಬಾಲ್ಯ ಮತ್ತು ಮೊದಲ ಕಲಿಕೆಯ ನೆಲೆಗಳು ಕರ್ನಾಟಕದವು. ಕೀರ್ತಿ ದೊರೆತದ್ದು ಮಾತ್ರ ಕೊಲ್ಹಾಪುರ, ಪುಣೆ ಮತ್ತು ಮುಂಬಯಿಗಳಲ್ಲಿ, ಮರಾಠಿ ಹಾಗೂ ಹಿಂದಿ ಚಿತ್ರಗಳ ಮೂಲಕ. ಹೀಗಾಗಿ ಕನ್ನಡ ಚಿತ್ರರಂಗದ ಚರಿತ್ರೆಗಳು ಇವರನ್ನು ಒಂದೆರಡು ವಾಕ್ಯಗಳಲ್ಲಿ ಮುಗಿಸುತ್ತವೆ. ಮರಾಠಿ ಚಿತ್ರರಂಗದ ಚರಿತ್ರೆಗಳು ಇವರ ಕನ್ನಡ ಹಿನ್ನೆಲೆಯನ್ನು ಕೇವಲ ಜನ್ಮಸ್ಥಳದ ವಿವರವಾಗಿ ದಾಖಲಿಸುತ್ತವೆ.

ಶಾಂತಾ ಹುಬಳೀಕರ ಅವರ ವಿಷಯದಲ್ಲಿ ಇನ್ನೊಂದು ತೊಡಕೂ ಇದೆ. 1939ರಲ್ಲಿ ತೆರೆಕಂಡ ‘ಮಾಣೂಸ್’ ಚಿತ್ರದಲ್ಲಿ ಅವರು ಹಾಡಿದ ‘ಕಶಾಲಾ ಉದ್ಯಾಚೀ ಬಾತ್’ ಎಂಬ ಗೀತೆ ಮಹಾರಾಷ್ಟ್ರದ ಮನೆಮಾತಾಯಿತು. ನಾಳಿನ ಮಾತೇಕೆ ಎಂಬುದು ಆ ಶೀರ್ಷಿಕೆಯ ಭಾವ. ಮುಂದೆ ಅವರು ಅನುಭವಿಸಿದ ಬಡತನ ಮತ್ತು ಒಂಟಿತನಗಳನ್ನು ಈ ಗೀತೆಯೊಡನೆ ಜೋಡಿಸಿ, ನಾಳೆಯನ್ನು ಲೆಕ್ಕಿಸದ ಕಲಾವಿದೆಯ ದುರಂತವೆಂಬಂತೆ ಅವರ ಜೀವನವನ್ನು ನಿರೂಪಿಸುವ ರೂಢಿ ಬೆಳೆದಿದೆ. ಆದರೆ ಅವರ ಏಳಿಗೆಗೆ ಮತ್ತು ನಂತರದ ಮೌನಕ್ಕೆ ಕಾರಣಗಳನ್ನು ಅಂದಿನ ಚಿತ್ರೋದ್ಯಮದ ದುಡಿಮೆಯ ಸ್ವರೂಪದಲ್ಲಿ ಹುಡುಕುವುದು ಹೆಚ್ಚು ಸಮಂಜಸವಾದೀತು. ನಾಟಕ ಕಂಪನಿಯ ತರಬೇತಿ, ಸ್ಟುಡಿಯೋದ ಒಪ್ಪಂದ, ನಟಿಯೇ ಹಾಡಬೇಕೆಂಬ ಅಂದಿನ ಅಗತ್ಯ ಮತ್ತು ಕನ್ನಡ ನಾಡಿನಲ್ಲಿ ಚಿತ್ರೋದ್ಯಮಕ್ಕೆ ಭದ್ರ ನೆಲೆ ಇಲ್ಲದಿದ್ದುದು, ಈ ನಾಲ್ಕು ಅಂಶಗಳು ಅವರ ವೃತ್ತಿಜೀವನವನ್ನು ರೂಪಿಸಿದವು.

ಬಾಲ್ಯ ಮತ್ತು ರಂಗಭೂಮಿ

ಶಾಂತಾ ಅವರ ಮೊದಲ ಹೆಸರು ರಾಜಮ್ಮ. ಅವರು 1914ರಲ್ಲಿ ಹುಬ್ಬಳ್ಳಿ ಸಮೀಪದ ಅದರಗುಂಚಿ ಗ್ರಾಮದಲ್ಲಿ ಜನಿಸಿದರು. ಚಿಕ್ಕಂದಿನಲ್ಲಿಯೇ ತಂದೆತಾಯಿಗಳನ್ನು ಕಳೆದುಕೊಂಡ ಅವರು ಅಜ್ಜಿಯ ಆಶ್ರಯದಲ್ಲಿ, ಅನಂತರ ದತ್ತು ಪಡೆದವರ ಮನೆಯಲ್ಲಿ ಬೆಳೆದರು. ತಮಗೆ ಒಪ್ಪಿಗೆಯಿಲ್ಲದ ಮದುವೆಯ ಏರ್ಪಾಡಿನಿಂದ ತಪ್ಪಿಸಿಕೊಂಡು ಗದಗಿಗೆ ಬಂದು ನಾಟಕ ಕಂಪನಿಯೊಂದನ್ನು ಸೇರಿದರು. ಅನಾಥ ಹೆಣ್ಣುಮಗಳೊಬ್ಬಳು ಸ್ವಂತ ನಿರ್ಧಾರದಿಂದ ದುಡಿಮೆಯ ಮಾರ್ಗವೊಂದನ್ನು ಆರಿಸಿಕೊಂಡ ಈ ಘಟನೆಯೇ ಅವರ ವೃತ್ತಿಜೀವನದ ಆರಂಭ.

ಹುಬ್ಬಳ್ಳಿ, ಧಾರವಾಡ, ಕುಂದಗೋಳ, ಗದಗ ಪರಿಸರವು ಆ ಕಾಲದಲ್ಲಿ ಸಂಗೀತದ ಸಮೃದ್ಧ ಕ್ಷೇತ್ರವಾಗಿತ್ತು. ಕಿರಾಣಾ ಘರಾಣೆಯ ಉಸ್ತಾದ್ ಅಬ್ದುಲ್ ಕರೀಮ್ ಖಾನರು ಮೀರಜಿನಿಂದ ಈ ಭಾಗಕ್ಕೆ ಬಂದುಹೋಗುತ್ತಿದ್ದರು. ಅವರ ಶಿಷ್ಯ ಸವಾಯಿ ಗಂಧರ್ವರು ಕುಂದಗೋಳದವರು. ಸವಾಯಿ ಗಂಧರ್ವರು ಮರಾಠಿ ಸಂಗೀತ ನಾಟಕಗಳಲ್ಲಿ ಅಭಿನಯಿಸಿ ಹೆಸರು ಪಡೆದಿದ್ದರು. ಶಾಸ್ತ್ರೀಯ ಸಂಗೀತ ಮತ್ತು ರಂಗಸಂಗೀತಗಳ ನಡುವೆ ಇಲ್ಲಿ ಗಟ್ಟಿಯಾದ ಗೋಡೆ ಇರಲಿಲ್ಲ. ಕನ್ನಡ ಮತ್ತು ಮರಾಠಿ ರಂಗಭೂಮಿಗಳ ನಡುವೆಯೂ ಇರಲಿಲ್ಲ. ಮರಾಠಿ ಸಂಗೀತ ನಾಟಕದ ಪ್ರವರ್ತಕ ಅಣ್ಣಾಸಾಹೇಬ ಕಿರ್ಲೋಸ್ಕರರು ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನವರು. ಮುಂಬಯಿ ಪ್ರಾಂತಕ್ಕೆ ಸೇರಿದ್ದ ಈ ಜಿಲ್ಲೆಗಳ ಪಟ್ಟಣಗಳಲ್ಲಿ ಮರಾಠಿ ಮಂಡಳಿಗಳು ನಿಯಮಿತವಾಗಿ ಬಿಡಾರ ಹೂಡುತ್ತಿದ್ದವು. ಇಲ್ಲಿನ ಗಾಯಕಿಗೆ ಮರಾಠಿ ಪರಕೀಯ ಭಾಷೆಯಾಗಿರಲಿಲ್ಲ.

ಗದಗು ಈ ಜಾಲದ ಮುಖ್ಯ ಕೇಂದ್ರಗಳಲ್ಲಿ ಒಂದು. ಗರುಡ ಸದಾಶಿವರಾಯರ ಶ್ರೀ ದತ್ತಾತ್ರೇಯ ನಾಟಕ ಮಂಡಳಿಯ ನೆಲೆ ಗದಗೇ ಆಗಿತ್ತು. ಹುಬ್ಬಳ್ಳಿಯಿಂದ ಗದಗು, ಕೊಪ್ಪಳ, ಹೊಸಪೇಟೆಗಳ ಮೂಲಕ ಸಾಗುವ ರೈಲುಮಾರ್ಗವು ಮುಂಬಯಿ ಪ್ರಾಂತವನ್ನೂ ನಿಜಾಮರ ಹೈದರಾಬಾದ್ ಸಂಸ್ಥಾನವನ್ನೂ ಮದರಾಸು ಪ್ರಾಂತವನ್ನೂ ಒಂದೇ ಎಳೆಯಲ್ಲಿ ಪೋಣಿಸಿತ್ತು. ಕೊಪ್ಪಳ, ಯಲಬುರ್ಗಾ, ಕುಷ್ಟಗಿ, ಗಂಗಾವತಿಗಳು ಅಂದು ನಿಜಾಮ ಸಂಸ್ಥಾನದಲ್ಲಿದ್ದರೂ ಕುಕನೂರು, ಮಂಗಳೂರು ಮೊದಲಾದ ಊರುಗಳಿಗೆ ಹತ್ತಿರದ ದೊಡ್ಡ ಪೇಟೆ ಗದಗೇ. ಆಡಳಿತದ ಗಡಿಗಳು ಬೇರೆಯಾಗಿದ್ದರೂ ಕಂಪನಿ ನಾಟಕದ ಪ್ರೇಕ್ಷಕವರ್ಗ ಹಂಚಿಹೋಗಿರಲಿಲ್ಲ. ಜಾತ್ರೆ ಮತ್ತು ಸುಗ್ಗಿಯ ಕಾಲಗಳನ್ನು ನೋಡಿಕೊಂಡು ಊರಿಂದೂರಿಗೆ ಸಾಗುವ ಕಂಪನಿಯಲ್ಲಿ ನಟಿಯು ಧ್ವನಿವರ್ಧಕದ ನೆರವಿಲ್ಲದೆ ಕೊನೆಯ ಸಾಲಿನವರೆಗೆ ಕೇಳುವಂತೆ ಹಾಡಬೇಕಿತ್ತು, ಒಂದೇ ರಾತ್ರಿಯಲ್ಲಿ ಹಲವು ರಸಗಳನ್ನು ನಿರ್ವಹಿಸಬೇಕಿತ್ತು. ವಾಕ್ಚಿತ್ರವು ಬಂದಾಗ ಅದಕ್ಕೆ ಬೇಕಾಗಿದ್ದ ಕಲಾವಿದೆ ಹೀಗೆ ಈಗಾಗಲೇ ಸಿದ್ಧಳಾಗಿದ್ದಳು.

ಊರಿನ ಹೆಸರೇ ಉಪನಾಮ

ಅಮೀರ್‌ಬಾಯಿ ‘ಕರ್ನಾಟಕಿ’ಯಾದರು, ಗಂಗೂಬಾಯಿ ‘ಹಾನಗಲ್’ ಆದರು, ರಾಜಮ್ಮ ‘ಶಾಂತಾ ಹುಬಳೀಕರ’ ಆದರು. ಮೂವರ ಹೆಸರಿನಲ್ಲಿಯೂ ಪ್ರದೇಶವು ಕುಲನಾಮದ ಸ್ಥಾನವನ್ನು ಪಡೆದಿರುವುದು ಗಮನಾರ್ಹ. ತಂದೆಯ ಅಥವಾ ಗಂಡನ ಮನೆತನದ ಹೆಸರಿನಿಂದ ಗುರುತಿಸಲ್ಪಡದ ಕಲಾವಿದೆಗೆ ನಾಟಕದ ಜಾಹೀರಾತು, ಗ್ರಾಮಫೋನ್ ತಟ್ಟೆ ಮತ್ತು ಚಿತ್ರದ ಶೀರ್ಷಿಕೆಗಳಲ್ಲಿ ಊರಿನ ಹೆಸರು ಒಂದು ಗೌರವಯುತ ವಿಳಾಸವಾಯಿತು.

ಈ ಗೌರವದ ಪ್ರಶ್ನೆಯನ್ನು ಅಂದಿನ ಸಾಮಾಜಿಕ ಸಂದರ್ಭದಲ್ಲಿಯೇ ನೋಡಬೇಕು. 1913ರಲ್ಲಿ ದಾದಾಸಾಹೇಬ ಫಾಲ್ಕೆಯವರು ‘ರಾಜಾ ಹರಿಶ್ಚಂದ್ರ’ ಚಿತ್ರವನ್ನು ನಿರ್ಮಿಸಿದಾಗ ತಾರಾಮತಿಯ ಪಾತ್ರಕ್ಕೆ ಮಹಿಳೆ ಸಿಗದೆ ಸಾಳುಂಕೆ ಎಂಬ ಪುರುಷನಿಂದ ಆ ಪಾತ್ರವನ್ನು ಮಾಡಿಸಬೇಕಾಯಿತು. ಅದೇ ವರ್ಷದ ‘ಮೋಹಿನಿ ಭಸ್ಮಾಸುರ’ದಲ್ಲಿ ದುರ್ಗಾಬಾಯಿ ಕಾಮತ್ ಮತ್ತು ಅವರ ಮಗಳು ಕಮಲಾಬಾಯಿ ಅಭಿನಯಿಸಿ ಭಾರತೀಯ ಚಿತ್ರಗಳ ಮೊದಲ ನಟಿಯರೆನಿಸಿದರು. 1932ರಲ್ಲಿ ಪ್ರಭಾತ್ ಸಂಸ್ಥೆಯ ‘ಅಯೋಧ್ಯೇಚಾ ರಾಜಾ’ದಲ್ಲಿ ಸುಶಿಕ್ಷಿತ ಮನೆತನದ ದುರ್ಗಾ ಖೋಟೆ ತಾರಾಮತಿಯಾದದ್ದು ದೊಡ್ಡ ಸುದ್ದಿಯಾಯಿತು. ಮನೆತನದ ಹೆಸರಿದ್ದ ನಟಿಯು ಚಿತ್ರಕ್ಕೆ ಮರ್ಯಾದೆ ತರುತ್ತಾಳೆಂದೂ ಅದಿಲ್ಲದ ನಟಿಗೆ ಚಿತ್ರವೇ ಮರ್ಯಾದೆ ಕೊಡುತ್ತದೆಂದೂ ಭಾವಿಸಿದ್ದ ಕಾಲ ಅದು. ಶಾಂತಾ ಅವರು ಎರಡನೆಯ ಗುಂಪಿಗೆ ಸೇರಿದವರು. ಅವರಿಗೆ ದೊರೆತ ಪಾತ್ರಗಳ ಸ್ವರೂಪವನ್ನು ಅರಿಯಲು ಈ ಸಂಗತಿ ಮುಖ್ಯ.

ಕೊಲ್ಹಾಪುರದಿಂದ ಪುಣೆಗೆ

1931ರ ಮಾರ್ಚ್‌ನಲ್ಲಿ ‘ಆಲಂ ಆರಾ’ ತೆರೆಕಂಡ ನಂತರ ಹಾಡಬಲ್ಲ ನಟಿಯರಿಗೆ ಬೇಡಿಕೆ ಏಕಾಏಕಿ ಹೆಚ್ಚಿತು. ಕನ್ನಡ ನಾಡಿನ ಕಲಾವಿದೆಗೆ ಹತ್ತಿರದ ಚಿತ್ರಕೇಂದ್ರ ಕೊಲ್ಹಾಪುರ. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ (1934) ಚಿತ್ರೀಕರಣಗೊಂಡದ್ದೂ ಕೊಲ್ಹಾಪುರದ ಛತ್ರಪತಿ ಸಿನಿಟೋನ್‌ನಲ್ಲಿಯೇ. ಕನ್ನಡ ಚಿತ್ರವೇ ನೆಲೆ ಹುಡುಕಿಕೊಂಡು ಅಲ್ಲಿಗೆ ಹೋಗಬೇಕಾಗಿದ್ದ ಕಾಲದಲ್ಲಿ ಹುಬ್ಬಳ್ಳಿಯ ನಟಿಯೊಬ್ಬರು ಅಲ್ಲಿಗೆ ಹೋದದ್ದು ಸಹಜ ನಡೆಯೇ ಆಗಿತ್ತು. ಶಾಂತಾ ಅವರು 1930ರ ದಶಕದ ಮಧ್ಯಭಾಗದಲ್ಲಿ ಕೊಲ್ಹಾಪುರದ ಚಿತ್ರಗಳ ಮೂಲಕ ತೆರೆಗೆ ಪರಿಚಿತರಾದರು.

ಪ್ರಭಾತ್ ಫಿಲ್ಮ್ ಕಂಪನಿಯು 1929ರಲ್ಲಿ ಕೊಲ್ಹಾಪುರದಲ್ಲಿ ಸ್ಥಾಪನೆಗೊಂಡು 1933ರಲ್ಲಿ ಪುಣೆಗೆ ಸ್ಥಳಾಂತರಗೊಂಡಿತು. ವಿ. ಶಾಂತಾರಾಮ್, ವಿಷ್ಣುಪಂತ ದಾಮ್ಲೆ, ಎಸ್. ಫತ್ತೇಲಾಲ್, ಕೇಶವರಾವ್ ಧಾಯಬರ್ ಮತ್ತು ಸೀತಾರಾಮ್ ಕುಲಕರ್ಣಿ ಅದರ ಸ್ಥಾಪಕ ಪಾಲುದಾರರು. ಕಲಾವಿದರು, ತಂತ್ರಜ್ಞರು, ಬಡಗಿಗಳು, ಬಣ್ಣ ಬಳಿಯುವವರು ಎಲ್ಲರೂ ತಿಂಗಳ ಸಂಬಳಕ್ಕೆ ಒಂದೇ ಆವರಣದಲ್ಲಿ ದುಡಿಯುವ ವ್ಯವಸ್ಥೆ ಅಲ್ಲಿತ್ತು. ‘ಸಂತ ತುಕಾರಾಮ್’ (1936) ಮತ್ತು ‘ಕುಂಕೂ’ (1937) ಚಿತ್ರಗಳಿಂದ ಸಂಸ್ಥೆಯ ಕೀರ್ತಿ ದೇಶದಾಚೆಗೂ ಹರಡಿತ್ತು. ಶಾಂತಾ ಹುಬಳೀಕರರು ಇಲ್ಲಿ ಕೆ. ನಾರಾಯಣ ಕಾಳೆಯವರ ನಿರ್ದೇಶನದ ‘ಮಾಝಾ ಮುಲಗಾ’ (1938) ಚಿತ್ರದಲ್ಲಿ ಶಾಹೂ ಮೋಡಕರೊಡನೆ ಅಭಿನಯಿಸಿದರು. ಅದರ ಹಿಂದಿ ಆವೃತ್ತಿ ‘ಮೇರಾ ಲಡಕಾ’. ಮರುವರ್ಷ ಅದೇ ಜೋಡಿಯನ್ನು ಶಾಂತಾರಾಮರು ‘ಮಾಣೂಸ್’ ಚಿತ್ರಕ್ಕೆ ಆರಿಸಿಕೊಂಡರು. ಅದರ ಹಿಂದಿ ಆವೃತ್ತಿ ‘ಆದ್ಮಿ’.

‘ಮಾಣೂಸ್’ ಮತ್ತು ಮೈನಾಳ ಪಾತ್ರ

‘ಮಾಣೂಸ್’ ಚಿತ್ರದ ನಾಯಕ ಗಣಪತ್ ಪ್ರಾಮಾಣಿಕ ಪೊಲೀಸ್ ಪೇದೆ. ದಾಳಿಯ ಸಂದರ್ಭದಲ್ಲಿ ಅವನಿಗೆ ಮೈನಾ ಎಂಬ ವೇಶ್ಯೆಯ ಪರಿಚಯವಾಗುತ್ತದೆ. ಅವಳನ್ನು ಆ ಬದುಕಿನಿಂದ ಹೊರತರಲು ಅವನು ಯತ್ನಿಸುತ್ತಾನೆ, ತಾಯಿಯ ಬಳಿಗೆ ಕರೆದೊಯ್ಯುತ್ತಾನೆ. ಆ ತಾಯಿಯ ಶ್ರದ್ಧೆಯ ಎದುರು ತಾನು ಸೊಸೆಯಾಗಲು ಅರ್ಹಳಲ್ಲವೆಂದು ಭಾವಿಸಿದ ಮೈನಾ ದೂರ ಸರಿಯುತ್ತಾಳೆ. ತನ್ನನ್ನು ಹಿಂಸಿಸಿ ಹಣ ಕೀಳುವ ದುಷ್ಟ ಸೋದರಮಾವನನ್ನು ಕೊಂದು ಸೆರೆಮನೆ ಸೇರುತ್ತಾಳೆ. ಗಣಪತ್ ಅವಳನ್ನು ಬಿಡಿಸಲು ಮುಂದಾದಾಗ ಅದನ್ನು ನಿರಾಕರಿಸಿ, ಅವನು ಬದುಕಿಗೂ ಕರ್ತವ್ಯಕ್ಕೂ ಮರಳಬೇಕೆಂದು ಬಯಸುತ್ತಾಳೆ. ಪ್ರೇಮಭಂಗದಿಂದ ಕುಸಿದು ಸಾಯುವ ನಾಯಕನನ್ನು 1935ರ ‘ದೇವದಾಸ್’ ಜನಪ್ರಿಯಗೊಳಿಸಿತ್ತು. ಅದಕ್ಕೆ ಉತ್ತರರೂಪವಾಗಿ ಶಾಂತಾರಾಮರು ಈ ಚಿತ್ರವನ್ನು ಮಾಡಿದರೆಂಬುದು ವಿಮರ್ಶಕರ ಸಾಮಾನ್ಯ ಅಭಿಪ್ರಾಯ.

ಕಥೆಯ ಚೌಕಟ್ಟು ಪುರುಷನ ಪುನರುತ್ಥಾನದ್ದಾದರೂ ಚಿತ್ರದ ಜೀವಾಳ ಮೈನಾಳ ಪಾತ್ರ. ಗಿರಾಕಿಗಳೆದುರು ಗಟ್ಟಿ ದನಿಯ ಚೆಲ್ಲಾಟ, ಗಣಪತ್‌ನ ಸರಳತೆಯೆದುರು ಸಂಶಯ, ತಾಯಿಯೆದುರು ಸಂಕೋಚ, ಸೆರೆಮನೆಯಲ್ಲಿ ನಿಶ್ಚಲತೆ, ಈ ನಾಲ್ಕು ಹಂತಗಳನ್ನು ಒಂದೇ ಪಾತ್ರದಲ್ಲಿ ನಿರ್ವಹಿಸಬೇಕಿತ್ತು. ರಂಗಭೂಮಿಯ ದೊಡ್ಡ ಅಭಿನಯವು ಮೊದಲ ಹಂತಕ್ಕೆ ಒದಗಿತು. ಕೊನೆಯ ಹಂತಕ್ಕೆ ಕ್ಯಾಮೆರಾದ ಸಮೀಪಚಿತ್ರಕ್ಕೆ ತಕ್ಕ ಮಿತಿಯನ್ನು ನಟಿ ಹೊಸದಾಗಿ ಕಲಿಯಬೇಕಾಯಿತು. ಈ ಎರಡೂ ಶೈಲಿಗಳು ಒಂದೇ ಪಾತ್ರದಲ್ಲಿ ಕೂಡಿರುವುದೇ ಮೈನಾಳ ವಿಶೇಷ.

ಚಿತ್ರದ ಪ್ರಸಿದ್ಧ ಗೀತೆಗೆ ಸಂಗೀತ ನೀಡಿದವರು ಮಾಸ್ಟರ್ ಕೃಷ್ಣರಾವ್. ಮೈನಾ ತನ್ನೆದುರಿಗಿರುವ ಬೇರೆ ಬೇರೆ ಪ್ರಾಂತಗಳ ಗಿರಾಕಿಗಳಿಗಾಗಿ ಒಂದೇ ಗೀತೆಯನ್ನು ಹಲವು ಭಾಷೆಗಳ ನುಡಿಗಳಲ್ಲಿ ಹಾಡುತ್ತಾಳೆ. ಹಲವು ಪ್ರಾಂತಗಳ ಜನ ಸೇರುವ ಮಹಾನಗರದ ಚಿತ್ರವನ್ನು ಈ ಒಂದು ಹಾಡು ಕಟ್ಟಿಕೊಡುತ್ತದೆ. ಸೂಕ್ಷ್ಮವಾಗಿ ನೋಡಿದರೆ ಇದು ಹಾಡಿದ ನಟಿಯ ವೃತ್ತಿಯ ಚಿತ್ರವೂ ಹೌದು. ಕನ್ನಡ ಮನೆಮಾತಿನ ಕಲಾವಿದೆ ಮರಾಠಿಯಲ್ಲೊಮ್ಮೆ, ಹಿಂದಿಯಲ್ಲೊಮ್ಮೆ ಅದೇ ಪಾತ್ರವನ್ನು ನಿರ್ವಹಿಸಿ, ಹಾಡಿನಲ್ಲಿ ಇನ್ನೂ ಹಲವು ಭಾಷೆಗಳಿಗೆ ಕಂಠ ನೀಡಿದ್ದರು.

ಯೂರೋಪಿನ ಒಂದು ಸಮಾನ ಪ್ರಕರಣ

ಜರ್ಮನಿಯಲ್ಲಿ 1930ರಲ್ಲಿ ತೆರೆಕಂಡ ‘ಡೆರ್ ಬ್ಲಾವೆ ಎಂಗೆಲ್’ ಚಿತ್ರದೊಡನೆ ಹೋಲಿಸಿದಾಗ ಶಾಂತಾ ಅವರ ಪ್ರಕರಣ ಹೆಚ್ಚು ಸ್ಪಷ್ಟವಾಗುತ್ತದೆ. ಉಫಾ ಸ್ಟುಡಿಯೋದಲ್ಲಿ ಯೋಸೆಫ್ ಫಾನ್ ಸ್ಟರ್ನ್‌ಬರ್ಗ್ ನಿರ್ದೇಶಿಸಿದ ಈ ಚಿತ್ರದಲ್ಲಿ ಮಾರ್ಲೀನ್ ಡೀಟ್ರಿಚ್ ರಾತ್ರಿಗೃಹದ ಗಾಯಕಿ ಲೋಲಾ ಲೋಲಾಳಾಗಿ ಅಭಿನಯಿಸಿದರು. ಶಿಸ್ತಿಗೆ ಹೆಸರಾದ ಅಧ್ಯಾಪಕನೊಬ್ಬ ಅವಳ ಮೋಹದಲ್ಲಿ ಸಿಲುಕುವುದು ಅಲ್ಲಿನ ಕಥೆ. ಡೀಟ್ರಿಚ್ ಕೂಡ ರಂಗಭೂಮಿಯ ಹಿನ್ನೆಲೆಯಿಂದ ಬಂದವರು, ಸ್ವತಃ ಹಾಡಿದವರು. ಆ ಚಿತ್ರವೂ ಏಕಕಾಲಕ್ಕೆ ಎರಡು ಭಾಷೆಗಳಲ್ಲಿ, ಜರ್ಮನ್ ಮತ್ತು ಇಂಗ್ಲಿಷ್‌ನಲ್ಲಿ, ಚಿತ್ರೀಕರಣಗೊಂಡಿತು. ಧ್ವನಿ ಬಂದೊಡನೆ ಭಾಷೆಯ ಗಡಿ ಎದುರಾದಾಗ ಬರ್ಲಿನ್ ಮತ್ತು ಪುಣೆಗಳ ಸ್ಟುಡಿಯೋಗಳು ಒಂದೇ ಬಗೆಯ ಪರಿಹಾರವನ್ನು ಕಂಡುಕೊಂಡಿದ್ದವು.

ವ್ಯತ್ಯಾಸವಿರುವುದು ಮುಂದಿನ ಹಂತದಲ್ಲಿ. ಆ ಪಾತ್ರದ ಬಲದಿಂದ ಡೀಟ್ರಿಚ್ 1930ರಲ್ಲಿಯೇ ಅಮೆರಿಕೆಯ ಪ್ಯಾರಾಮೌಂಟ್ ಸಂಸ್ಥೆಗೆ ತೆರಳಿದರು. ಅದೇ ನಿರ್ದೇಶಕರು ಅವರಿಗಾಗಿ ಸಾಲು ಚಿತ್ರಗಳನ್ನು ಮಾಡಿದರು. ಚಿತ್ರಗಳು ವಿರಳವಾದ ಕಾಲದಲ್ಲಿಯೂ ಅವರು ರಂಗದ ಮೇಲೆ ಹಾಡಿ ಜೀವನ ಸಾಗಿಸಲು ಸಾಧ್ಯವಾಯಿತು. ಶಾಂತಾ ಹುಬಳೀಕರರಿಗೆ ಮೈನಾಳ ನಂತರ ಅಂಥ ಪಾತ್ರವನ್ನು ಬರೆಯುವವರು ಸಿಗಲಿಲ್ಲ. ಶಾಂತಾರಾಮರು 1942ರಲ್ಲಿ ಪ್ರಭಾತ್ ಸಂಸ್ಥೆಯನ್ನು ತೊರೆದರು. ಪ್ರಭಾತ್ ಸಂಸ್ಥೆಯೊಳಗೂ ನಟಿಯರ ಸ್ಥಾನ ಭದ್ರವಾಗಿರಲಿಲ್ಲ. ‘ಕುಂಕೂ’ ಚಿತ್ರದ ನಾಯಕಿ ಶಾಂತಾ ಆಪ್ಟೆ 1939ರಲ್ಲಿ, ಅಂದರೆ ‘ಮಾಣೂಸ್’ ತೆರೆಕಂಡ ವರ್ಷದಲ್ಲಿಯೇ, ಒಪ್ಪಂದ ಮತ್ತು ಸಂಬಳದ ವಿವಾದದಿಂದ ಸ್ಟುಡಿಯೋದ ಬಾಗಿಲಿನಲ್ಲಿ ಉಪವಾಸ ಕುಳಿತರು. ಅತ್ಯಂತ ಜನಪ್ರಿಯ ನಟಿಯ ಸ್ಥಿತಿಯೇ ಹೀಗಿದ್ದಾಗ ಬೇರೆಯವರಿಗೆ ಒಪ್ಪಂದದ ಮಾತುಕತೆಯಲ್ಲಿ ಎಷ್ಟು ಬಲವಿತ್ತೆಂಬುದನ್ನು ಊಹಿಸಬಹುದು.

ಕನ್ನಡಕ್ಕೆ ಬಂದದ್ದು: ‘ಜೀವನ ನಾಟಕ’

ಶಾಂತಾ ಅವರು 1939ರಲ್ಲಿ ವಿವಾಹವಾದರು. ಅನಂತರವೂ ಅಭಿನಯವನ್ನು ಮುಂದುವರಿಸಿದರು. ವಿಶ್ರಾಮ ಬೇಡೇಕರ್ ನಿರ್ದೇಶನದ ಮರಾಠಿ ಚಿತ್ರ ‘ಪಹಿಲಾ ಪಾಳಣಾ’ 1942ರಲ್ಲಿ ಬಂದಿತು. ಅದೇ ವರ್ಷ ಗುಬ್ಬಿ ವೀರಣ್ಣನವರು ನಿರ್ಮಿಸಿದ ‘ಜೀವನ ನಾಟಕ’ದಲ್ಲಿ ಅವರು ಕನ್ನಡ ತೆರೆಯ ಮೇಲೆ ಕಾಣಿಸಿಕೊಂಡರು. ಅ.ನ. ಕೃಷ್ಣರಾಯರ ಬರವಣಿಗೆ, ವಹಾಬ್ ಕಾಶ್ಮೀರಿಯವರ ನಿರ್ದೇಶನ, ಕೆಂಪರಾಜ ಅರಸು ನಾಯಕ, ಜೊತೆಗೆ ಬಿ. ಜಯಮ್ಮ. ಪೌರಾಣಿಕ ಮತ್ತು ಭಕ್ತಿಪ್ರಧಾನ ಚಿತ್ರಗಳೇ ಹೆಚ್ಚಾಗಿದ್ದ ಕಾಲದಲ್ಲಿ ನಾಟಕ ಕಂಪನಿಯ ಬದುಕನ್ನು ಹಿನ್ನೆಲೆಯಾಗಿಸಿಕೊಂಡ ಸಾಮಾಜಿಕ ಚಿತ್ರವಿದು. ಗದಗಿನ ಕಂಪನಿಯಿಂದ ಹೊರಟ ನಟಿ ಆ ಲೋಕದ ಪಾತ್ರವಾಗಿ ಕನ್ನಡಕ್ಕೆ ಬಂದದ್ದು ಅರ್ಥಪೂರ್ಣವಾಗಿದೆ.

ಈ ಮರಳುವಿಕೆ ಯಾಕೆ ಮುಂದುವರಿಯಲಿಲ್ಲ? ಕನ್ನಡ ಚಿತ್ರನಿರ್ಮಾಣದ ಪ್ರಮಾಣವೇ ಇದಕ್ಕೆ ಉತ್ತರ. 1934ರಿಂದ 1942ರವರೆಗೆ ವರ್ಷಕ್ಕೆ ಒಂದೆರಡು ಕನ್ನಡ ಚಿತ್ರಗಳು ಬಂದರೆ ಅದೇ ಹೆಚ್ಚು, ಕೆಲವು ವರ್ಷಗಳಲ್ಲಿ ಒಂದೂ ಇಲ್ಲ. ನಿರ್ಮಾಪಕರು ಕೊಲ್ಹಾಪುರ, ಪುಣೆ, ಮುಂಬಯಿ, ಮದರಾಸುಗಳ ಸ್ಟುಡಿಯೋಗಳನ್ನು ಬಾಡಿಗೆಗೆ ಪಡೆಯುತ್ತಿದ್ದರು. ಕಲಾವಿದೆಗೆ ತಿಂಗಳ ಸಂಬಳ ಕೊಟ್ಟು ಇರಿಸಿಕೊಳ್ಳುವ ಕನ್ನಡ ಸ್ಟುಡಿಯೋ ಇರಲಿಲ್ಲ. ಗುಬ್ಬಿ ಕಂಪನಿಯಂಥ ರಂಗಸಂಸ್ಥೆಯೇ ಚಿತ್ರಕ್ಕೂ ಬಂಡವಾಳ ಒದಗಿಸಬೇಕಾಗಿತ್ತು. ಅದರ ಜೊತೆಗೆ ಯುದ್ಧಕಾಲದಲ್ಲಿ ಕಚ್ಚಾ ಫಿಲ್ಮಿನ ಪೂರೈಕೆಯ ಮೇಲೆ ಸರಕಾರದ ನಿಯಂತ್ರಣ ಬಂದಿತು. ಮುಂಬಯಿ ಕರ್ನಾಟಕದ ಕಲಾವಿದೆಗೆ ಕನ್ನಡವು ಪ್ರೀತಿಯ ಭಾಷೆಯಾಗಿ ಉಳಿಯಬಹುದಿತ್ತು, ಅನ್ನದ ಭಾಷೆಯಾಗಲು ಅವಕಾಶವಿರಲಿಲ್ಲ.

ಕಂಠ ಮತ್ತು ಮುಖಗಳ ಬೇರ್ಪಡೆ

ಶಾಂತಾ ಅವರ ಇಳಿಗಾಲಕ್ಕೆ ಇನ್ನೊಂದು ಕಾರಣ ತಾಂತ್ರಿಕವಾದುದು. ವಾಕ್ಚಿತ್ರದ ಆರಂಭದಲ್ಲಿ ಹಾಡು ಮತ್ತು ಅಭಿನಯ ಒಂದೇ ದೇಹಕ್ಕೆ ಸೇರಿದ್ದವು. ಹಾಡಬಲ್ಲವಳೇ ನಾಯಕಿ. 1935ರಿಂದ ಬಳಕೆಗೆ ಬಂದ ಹಿನ್ನೆಲೆ ಗಾಯನದ ತಂತ್ರ 1940ರ ದಶಕದಲ್ಲಿ ಸಾರ್ವತ್ರಿಕವಾಯಿತು. ಚೆಲುವೆಯಾದ ನಟಿಗೆ ಬೇರೊಬ್ಬರ ಕಂಠವನ್ನು ಜೋಡಿಸಲು ಸಾಧ್ಯವಾದಾಗ, ಎರಡೂ ಗುಣಗಳಿಗಾಗಿ ಆಯ್ಕೆಯಾಗಿದ್ದ ಹಿಂದಿನ ತಲೆಮಾರಿನ ಬೆಲೆ ಕುಸಿಯಿತು. ಅಮೀರ್‌ಬಾಯಿ ಕರ್ನಾಟಕಿಯವರು ಈ ಬದಲಾವಣೆಯನ್ನು ಗಾಯಕಿಯಾಗಿ ದಾಟಿದರು. ‘ಕಿಸ್ಮತ್’ (1943) ಮತ್ತು ‘ರತನ್’ (1944) ಚಿತ್ರಗಳ ಗೀತೆಗಳು ಅವರಿಗೆ ದೇಶವ್ಯಾಪಿ ಕೀರ್ತಿ ತಂದವು. ಗಳಿಕೆಯಲ್ಲಿ ಒಂದು ಪಾಲನ್ನು ಬಿಜಾಪುರದ ಅಮೀರ್ ಟಾಕೀಸ್ ಎಂಬ ಚಿತ್ರಮಂದಿರದಲ್ಲಿ ತೊಡಗಿಸಿದರು. ಆದರೆ ಅವರ ಕ್ಷೇತ್ರವನ್ನೂ 1949ರ ಹೊತ್ತಿಗೆ ಲತಾ ಮಂಗೇಶ್ಕರರ ಹೊಸ ಕಂಠಶೈಲಿ ಆವರಿಸಿತು. ಶಾಂತಾ ಅವರು ಪ್ರಧಾನವಾಗಿ ನಟಿಯಾಗಿದ್ದುದರಿಂದ ಅವರಿಗೆ ಈ ಮಾರ್ಗವೂ ತೆರೆಯಲಿಲ್ಲ. ಪ್ರಭಾತ್ ಸಂಸ್ಥೆಯೂ ಕ್ರಮೇಣ ಮುಚ್ಚಿತು. ಅದರ ಆವರಣದಲ್ಲಿ 1960ರಲ್ಲಿ ಕೇಂದ್ರ ಸರಕಾರದ ಚಲನಚಿತ್ರ ಸಂಸ್ಥೆ ಆರಂಭವಾಯಿತು. ಮುಂದಿನ ತಲೆಮಾರಿಗೆ ಅಭಿನಯ ಕಲಿಸುವ ಶಾಲೆ ಅಲ್ಲಿ ತೆರೆದಾಗ, ಅಲ್ಲಿ ದುಡಿದು ಹೆಸರಾದ ಹಿರಿಯ ನಟಿಗೆ ನಿವೃತ್ತಿವೇತನದಂಥ ಯಾವುದೇ ಭದ್ರತೆ ಇರಲಿಲ್ಲ.

ಆತ್ಮಕಥೆ ಮತ್ತು ಕೊನೆಯ ವರ್ಷಗಳು

ದೀರ್ಘಕಾಲದ ಅಜ್ಞಾತವಾಸದ ನಂತರ ಶಾಂತಾ ಹುಬಳೀಕರರು ಮಹಿಳಾಶ್ರಮದ ಆಶ್ರಯದಲ್ಲಿರುವ ಸಂಗತಿ ಬೆಳಕಿಗೆ ಬಂದಾಗ ಮಹಾರಾಷ್ಟ್ರದ ರಸಿಕರು ಅವರನ್ನು ಮತ್ತೆ ಗುರುತಿಸಿದರು. 1990ರಲ್ಲಿ ಅವರ ಮರಾಠಿ ಆತ್ಮಕಥೆ ‘ಕಶಾಲಾ ಉದ್ಯಾಚೀ ಬಾತ್’ ಪ್ರಕಟವಾಯಿತು. 1992ರಲ್ಲಿ ಪುಣೆಯಲ್ಲಿ ಅವರು ನಿಧನರಾದರು.

ಆತ್ಮಕಥೆಗೆ ಅದೇ ಗೀತೆಯ ಶೀರ್ಷಿಕೆಯನ್ನು ಇರಿಸಿದ್ದನ್ನು ಕೇವಲ ವಿಷಾದದ ಸೂಚನೆಯೆಂದು ಓದಬೇಕಾಗಿಲ್ಲ. ಐವತ್ತು ವರ್ಷಗಳ ಕಾಲ ಗ್ರಾಮಫೋನ್ ಮತ್ತು ಆಕಾಶವಾಣಿಗಳ ಮೂಲಕ ಜನರ ನಡುವೆ ಸಂಚರಿಸಿದ ಆ ಹಾಡಿನ ಮೇಲೆ ಹಾಡಿದವಳು ಮಂಡಿಸಿದ ಹಕ್ಕಾಗಿಯೂ ಅದನ್ನು ಕಾಣಬಹುದು. ಚಿತ್ರದ ಕೀರ್ತಿ ನಿರ್ದೇಶಕರಿಗೂ ಸಂಸ್ಥೆಗೂ ಸಂದಿತ್ತು. ಗೀತೆಯ ಕೀರ್ತಿ ಕವಿಗೂ ಸಂಗೀತಗಾರರಿಗೂ ಹಂಚಿಹೋಗಿತ್ತು. ತನ್ನ ಜೀವನವನ್ನು ಆ ಹೆಸರಿನಲ್ಲಿಯೇ ಬರೆಯುವ ಮೂಲಕ ಶಾಂತಾ ಅವರು ತಮ್ಮ ಪಾಲನ್ನು ದಾಖಲೆಗೆ ತಂದರು. ಶಾಂತಾ ಆಪ್ಟೆ, ದುರ್ಗಾ ಖೋಟೆ, ಹಂಸಾ ವಾಡಕರ್ ಮೊದಲಾದ ಮರಾಠಿ ನಟಿಯರ ಬರಹಗಳ ಸಾಲಿನಲ್ಲಿ ಈ ಕೃತಿಗೂ ಸ್ಥಾನವಿದೆ. ಆ ಸಾಲಿನಲ್ಲಿ ಕನ್ನಡ ನೆಲದ ಬಾಲ್ಯವನ್ನು ಹೊತ್ತ ಕೃತಿಯೆಂಬುದು ಇದರ ವೈಶಿಷ್ಟ್ಯ.

ಕನ್ನಡ ಚಿತ್ರಚರಿತ್ರೆಯಲ್ಲಿ ಸ್ಥಾನ

ಚಿತ್ರದ ಭಾಷೆಯನ್ನೇ ಮಾನದಂಡವಾಗಿಟ್ಟುಕೊಂಡರೆ ಶಾಂತಾ ಹುಬಳೀಕರರ ಪಾಲಿಗೆ ಕನ್ನಡದಲ್ಲಿ ಉಳಿಯುವುದು ‘ಜೀವನ ನಾಟಕ’ ಮಾತ್ರ. ಕಲಾವಿದರ ತರಬೇತಿ, ಸಂಚಾರ ಮತ್ತು ದುಡಿಮೆಗಳನ್ನು ಮಾನದಂಡವಾಗಿಟ್ಟುಕೊಂಡರೆ ಚಿತ್ರ ಬೇರೆಯಾಗುತ್ತದೆ. ಅದರಗುಂಚಿ, ಹುಬ್ಬಳ್ಳಿ, ಗದಗುಗಳ ಸಂಗೀತ ಮತ್ತು ಕಂಪನಿ ನಾಟಕದ ಪರಂಪರೆಯು ಕೊಲ್ಹಾಪುರ ಮತ್ತು ಪುಣೆಗಳ ಚಿತ್ರೋದ್ಯಮಕ್ಕೆ ನೀಡಿದ ಕೊಡುಗೆಯಾಗಿ ಮೈನಾಳ ಪಾತ್ರವೂ ಕನ್ನಡ ಸಾಂಸ್ಕೃತಿಕ ಚರಿತ್ರೆಯ ಭಾಗವಾಗುತ್ತದೆ. ಮುಂಬಯಿ ಕರ್ನಾಟಕ ಮತ್ತು ಹೈದರಾಬಾದ್ ಕರ್ನಾಟಕಗಳ ವೃತ್ತಿರಂಗಭೂಮಿಯ ಕಲಾವಿದೆಯರನ್ನು ಕುರಿತ ಅಧ್ಯಯನಗಳು ಚಿತ್ರರಂಗದ ಅಧ್ಯಯನಗಳೊಡನೆ ಸೇರಬೇಕಾದ ಅಗತ್ಯವನ್ನೂ ಈ ಪ್ರಕರಣ ತೋರಿಸುತ್ತದೆ. ಅವರ ಮರಾಠಿ ಆತ್ಮಕಥೆಯನ್ನು ಪ್ರಭಾತ್ ಚಿತ್ರಗಳ ಜೊತೆಗಿಟ್ಟು ಕನ್ನಡದ ಕಣ್ಣಿನಿಂದ ಓದುವುದು ಆ ಕಾರ್ಯದ ಮೊದಲ ಹೆಜ್ಜೆಯಾಗಬಲ್ಲದು.